ಡೆಟ್ರಾಯಿಟ್‌ನ 13ನೇ ಕ್ಷೇತ್ರ: ಸ್ವಂತ ದುಡ್ಡು, ಹೊರಗಿನ ದುಡ್ಡು ಮತ್ತು ಕಡಿಮೆ ಬಿದ್ದ 137 ಸಹಿ

2022ರ ಆಗಸ್ಟ್ 2ರಂದು ಅಮೆರಿಕದ ಮಿಷಿಗನ್ ರಾಜ್ಯದ 13ನೇ ಕಾಂಗ್ರೆಸ್ (ಅಲ್ಲಿನ ಸಂಸತ್ತು) ಕ್ಷೇತ್ರದಲ್ಲಿ ಡೆಮಾಕ್ರಟಿಕ್ ಪಕ್ಷದ ಪ್ರೈಮರಿ, ಅಂದರೆ ಪಕ್ಷದ ಟಿಕೆಟ್ ಯಾರಿಗೆಂದು ಮತದಾರರೇ ತೀರ್ಮಾನಿಸುವ ಚುನಾವಣೆ, ನಡೆಯಿತು. ಕಣದಲ್ಲಿ ಒಂಬತ್ತು ಜನ. ಗೆದ್ದವರು ಶ್ರೀ ಥಾಣೇದಾರ್. ಬೆಳಗಾವಿಯಲ್ಲಿ ಬೆಳೆದವರು, ಅಮೆರಿಕದಲ್ಲಿ ರಸಾಯನಶಾಸ್ತ್ರದ ಪಿಎಚ್‌.ಡಿ. ಪಡೆದು ಪರೀಕ್ಷಾ ಪ್ರಯೋಗಾಲಯಗಳ ಉದ್ಯಮ ಕಟ್ಟಿದವರು. ಅವರಿಗೆ ಬಿದ್ದದ್ದು ಶೇ 28ರಷ್ಟು ಮತ, ಲೆಕ್ಕದಲ್ಲಿ ಸುಮಾರು 22,000. ಎರಡನೇ ಸ್ಥಾನದಲ್ಲಿದ್ದ ರಾಜ್ಯ ಸೆನೆಟರ್ ಆಡಂ ಹೋಲಿಯರ್‌ಗೆ ಶೇ 23ರಷ್ಟು. ಆ ಪ್ರಚಾರಕ್ಕೆ ಥಾಣೇದಾರ್ ತಮ್ಮ ಜೇಬಿನಿಂದ ಹಾಕಿದ್ದು 80 ಲಕ್ಷ ಡಾಲರ್‌ಗೂ ಹೆಚ್ಚು. ಅವರನ್ನು ಸೋಲಿಸಿ ಹೋಲಿಯರ್‌ರನ್ನು ಗೆಲ್ಲಿಸಲು ಯುನೈಟೆಡ್ ಡೆಮಾಕ್ರಸಿ ಪ್ರಾಜೆಕ್ಟ್ ಎಂಬ ಸೂಪರ್ ಪ್ಯಾಕ್ (ಅಭ್ಯರ್ಥಿಯಿಂದ ಹೊರಗೆ ನಿಂತು ಮಿತಿಯಿಲ್ಲದೆ ಖರ್ಚು ಮಾಡುವ ಸಮಿತಿ) ಒಂದೇ 40 ಲಕ್ಷ ಡಾಲರ್‌ಗಿಂತ ಹೆಚ್ಚು ಸುರಿಯಿತು. ಇಸ್ರೇಲ್ ಪರ ಸಂಘಟನೆ ಐಪ್ಯಾಕ್‌ಗೆ ಸೇರಿದ ಸೂಪರ್ ಪ್ಯಾಕ್ ಅದು.

ಕ್ಷೇತ್ರ ಡೆಮಾಕ್ರಟರ ಭದ್ರಕೋಟೆ. ಆಗಸ್ಟ್‌ನಲ್ಲಿ ಟಿಕೆಟ್ ಗೆದ್ದವರಿಗೆ ನವೆಂಬರ್ ಬರೀ ಔಪಚಾರಿಕ. ಥಾಣೇದಾರ್ ಆಗ ಶೇ 71ರಷ್ಟು ಮತ ಪಡೆದರು. ಆದರೆ ಈ ಫಲಿತಾಂಶದ ಇನ್ನೊಂದು ಮುಖ ಗಂಭೀರವಾದದ್ದು. 1955ರಲ್ಲಿ ಕಪ್ಪು ನಾಯಕ ಚಾರ್ಲ್ಸ್ ಡಿಗ್ಸ್ ಸಂಸತ್ತು ಪ್ರವೇಶಿಸಿದ ಮೇಲೆ ಮೊದಲ ಬಾರಿಗೆ ಡೆಟ್ರಾಯಿಟ್‌ನಂಥ ಕಪ್ಪು ಜನರ ನಗರದಿಂದ ಒಬ್ಬ ಕಪ್ಪು ಸದಸ್ಯರೂ ಕಾಂಗ್ರೆಸ್‌ನಲ್ಲಿ ಉಳಿಯಲಿಲ್ಲ. ಅಲ್ಲಿಯ ಜನ ಇದನ್ನು ಸಣ್ಣ ಸಂಗತಿ ಎಂದು ಎಣಿಸಲಿಲ್ಲ, ನಾವೂ ಎಣಿಸಬಾರದು. ಊರಿನವರು ಗೆದ್ದರೆಂಬ ಸಂತೋಷ ಇಲ್ಲಿನ ಓದುಗರಿಗೆ ಸಹಜ; ಆ ಗೆಲುವಿನ ಬೆಲೆಯನ್ನು ಯಾರು ತೆತ್ತರೆಂಬುದೂ ಪ್ರಕರಣದ ಒಳಗೇ ಇದೆ.

ಇಷ್ಟು ದುಡ್ಡು ಇಲ್ಲಿ ಯಾಕೆ ಕೆಲಸ ಮಾಡಿತು? ಅದೇ ರಾಜ್ಯದ ಬೇರೆ ಕ್ಷೇತ್ರಗಳಲ್ಲಿ ಅದೇ ಬಗೆಯ ದುಡ್ಡು ಯಾಕೆ ಸೋತಿತು? ಡಾಲರ್ ಎಷ್ಟು ಎಂಬುದಕ್ಕಿಂತ ಅದು ಯಾರದು, ಯಾವ ತಿಂಗಳು ಬಂತು, ಎಂಥ ಕಣಕ್ಕೆ ಇಳಿಯಿತು ಎಂಬ ಮೂರು ಪ್ರಶ್ನೆಗಳೇ ಮಿಷಿಗನ್‌ನಲ್ಲಿ ಫಲಿತಾಂಶವನ್ನು ಹೆಚ್ಚು ಚೆನ್ನಾಗಿ ವಿವರಿಸುತ್ತವೆ.

ಕಣ ಹೇಗಿತ್ತು

2020ರ ಜನಗಣತಿಯ ನಂತರ ಮಿಷಿಗನ್‌ನ ಸ್ಥಾನಗಳು 14ರಿಂದ 13ಕ್ಕೆ ಇಳಿದವು. ಗಡಿ ಎಳೆಯುವ ಕೆಲಸ ಶಾಸಕರ ಕೈಯಲ್ಲಿರಲಿಲ್ಲ. 2018ರಲ್ಲಿ ಜನಮತದಿಂದ ಹುಟ್ಟಿದ 13 ಜನ ನಾಗರಿಕರ ಸ್ವತಂತ್ರ ಆಯೋಗ ಅದನ್ನು ಮಾಡಿತು: ನಾಲ್ವರು ಡೆಮಾಕ್ರಟರು, ನಾಲ್ವರು ರಿಪಬ್ಲಿಕನ್ನರು, ಐವರು ಯಾವ ಪಕ್ಷಕ್ಕೂ ಸೇರದವರು. ಪ್ರತಿ ಕ್ಷೇತ್ರಕ್ಕೆ ಸುಮಾರು 7.75 ಲಕ್ಷ ಜನ. ನಮ್ಮ ಲೋಕಸಭಾ ಕ್ಷೇತ್ರದ ಮತದಾರರ ಪಟ್ಟಿಗೆ ಹೋಲಿಸಿದರೆ ಅರ್ಧಕ್ಕಿಂತ ಚಿಕ್ಕದು.

ಹೊಸ ಗಡಿಯಲ್ಲಿ ಡೆಟ್ರಾಯಿಟ್ ನಗರ 12 ಮತ್ತು 13ನೇ ಕ್ಷೇತ್ರಗಳ ನಡುವೆ ಹಂಚಿಹೋಯಿತು. ನಗರದ ಇಬ್ಬರು ಹಾಲಿ ಸದಸ್ಯರಲ್ಲಿ ಬ್ರೆಂಡಾ ಲಾರೆನ್ಸ್ 2022ರ ಜನವರಿಯಲ್ಲಿ ನಿವೃತ್ತಿ ಘೋಷಿಸಿದರು, ರಶೀದಾ ತಲೈಬ್ 12ಕ್ಕೆ ಸರಿದರು, 13 ಖಾಲಿಯಾಯಿತು. ಹಾಲಿ ಸದಸ್ಯರಿಲ್ಲದ, ಗೆದ್ದರೆ ದಶಕಗಟ್ಟಲೆ ಕೂರಬಹುದಾದ ಸ್ಥಾನ. ಎಲ್ಲರೂ ಧುಮುಕಿದರು. ವೇಯ್ನ್ ಕೌಂಟಿಯ ಮುಖ್ಯಸ್ಥ ವಾರನ್ ಎವನ್ಸ್ ಮತ್ತು ಇತರ ಕಪ್ಪು ನಾಯಕರು ಸಮಿತಿ ಮಾಡಿ, ಮತ ಒಡೆಯಬಾರದೆಂದು ಹೋಲಿಯರ್ ಹೆಸರನ್ನು ಮುಂದಿಟ್ಟರು. ಉಳಿದವರು ಹಿಂದೆ ಸರಿಯಲಿಲ್ಲ.

ಎರಡನೇ ಸುತ್ತು ಅಲ್ಲಿಲ್ಲ. ಯಾರಿಗೆ ಹೆಚ್ಚು ಮತವೋ ಅವರೇ ಅಭ್ಯರ್ಥಿ. ಒಂಬತ್ತು ಜನರ ನಡುವೆ ಮತ ಹರಿದು ಹೋದಾಗ ಶೇ 51 ಯಾರಿಗೂ ಬೇಕಾಗುವುದಿಲ್ಲ, ಶೇ 28 ಸಾಕು. ಮತಪತ್ರದಲ್ಲಿ ಒಂಬತ್ತು ಹೆಸರು ನೋಡಿದ ಮತದಾರನ ಕೈ ಮೊದಲು ಹೋಗುವುದು ಪರಿಚಿತ ಹೆಸರಿಗೆ. ಆ ಪರಿಚಯವನ್ನೇ ದುಡ್ಡು ಕೊಂಡುಕೊಳ್ಳುತ್ತದೆ. ಥಾಣೇದಾರ್ ಈ ಪರಿಚಯವನ್ನು ಒಂದೇ ಬೇಸಿಗೆಯಲ್ಲಿ ಕಟ್ಟಿದ್ದಲ್ಲ. 2018ರಲ್ಲಿ ಗವರ್ನರ್ ಟಿಕೆಟ್‌ಗೆ ಸ್ಪರ್ಧಿಸಿ, ಸ್ವಂತ ಹಣದಲ್ಲೇ 1 ಕೋಟಿ ಡಾಲರ್ ದಾಟಿಸಿ, ಗ್ರೆಚೆನ್ ವಿಟ್ಮರ್ ಎದುರು ಮೂರನೇ ಸ್ಥಾನಕ್ಕೆ ಬಿದ್ದಿದ್ದರು. 2020ರಲ್ಲಿ ಡೆಟ್ರಾಯಿಟ್‌ನಿಂದಲೇ ರಾಜ್ಯ ವಿಧಾನಸಭೆಗೆ ಗೆದ್ದರು. ಹಾಗಾಗಿ 2022ರ ಜಾಹೀರಾತು ನಾಲ್ಕು ವರ್ಷಗಳಿಂದ ಕೇಳಿದ ಹೆಸರನ್ನೇ ನೆನಪಿಸುತ್ತಿತ್ತು. 2018ರ ಸೋಲಿನ ದುಡ್ಡು 2022ರಲ್ಲಿ ಫಲ ಕೊಟ್ಟಿತೆಂಬುದು ನಮ್ಮ ಅಂದಾಜು.

ಮಿತಿ ಯಾರಿಗೆ ಇದೆ, ಯಾರಿಗೆ ಇಲ್ಲ

ಭಾರತದಲ್ಲಿ ಮಿತಿ ಇರುವುದು ಅಭ್ಯರ್ಥಿಯ ಖರ್ಚಿಗೆ. ಕರ್ನಾಟಕದಲ್ಲಿ ಲೋಕಸಭೆಗೆ ನಿಂತವರು 95 ಲಕ್ಷ ರೂಪಾಯಿಗಿಂತ ಹೆಚ್ಚು ಖರ್ಚು ಮಾಡುವಂತಿಲ್ಲ. 2022ರ ವಿನಿಮಯ ದರದಲ್ಲಿ ಅದು ಸುಮಾರು 1.2 ಲಕ್ಷ ಡಾಲರ್. ಪಕ್ಷದ ಖರ್ಚಿಗೆ ಮಿತಿಯಿಲ್ಲ. ಅಮೆರಿಕದಲ್ಲಿ ಇದು ತಲೆಕೆಳಗು. ಖರ್ಚಿಗೆ ಮಿತಿ ಹಾಕುವುದು ವಾಕ್ ಸ್ವಾತಂತ್ರ್ಯಕ್ಕೆ ಅಡ್ಡಿ ಎಂದು ಅಲ್ಲಿನ ಸುಪ್ರೀಂ ಕೋರ್ಟ್ 1976ರಲ್ಲಿ ಬಕ್ಲಿ ಪ್ರಕರಣದಲ್ಲಿ ಹೇಳಿತು. ಮಿತಿ ಉಳಿದದ್ದು ದೇಣಿಗೆ ಕೊಡುವವರಿಗೆ.

2021–22ರ ಅವಧಿಯಲ್ಲಿ ಒಬ್ಬ ವ್ಯಕ್ತಿ ಒಬ್ಬ ಅಭ್ಯರ್ಥಿಗೆ ಒಂದು ಚುನಾವಣೆಗೆ ಕೊಡಬಹುದಾಗಿದ್ದು 2,900 ಡಾಲರ್. ಪ್ರೈಮರಿ ಒಂದು ಚುನಾವಣೆ, ನವೆಂಬರಿನದು ಇನ್ನೊಂದು. ಹಾಗಾಗಿ ಒಟ್ಟು 5,800. ಈ ಮೊತ್ತ ಎರಡು ವರ್ಷಕ್ಕೊಮ್ಮೆ ಹಣದುಬ್ಬರಕ್ಕೆ ತಕ್ಕಂತೆ ಏರುತ್ತದೆ: 2023–24ಕ್ಕೆ 3,300, 2025–26ಕ್ಕೆ 3,500. ಕಂಪನಿ ತನ್ನ ಖಜಾನೆಯಿಂದ ನೇರವಾಗಿ ಅಭ್ಯರ್ಥಿಗೆ ಒಂದು ಡಾಲರ್ ಕೂಡ ಕೊಡುವಂತಿಲ್ಲ.

ಅಭ್ಯರ್ಥಿ ತನ್ನ ಹಣವನ್ನು ತಾನೇ ಹಾಕಿಕೊಂಡರೆ ಮಿತಿಯೇ ಇಲ್ಲ. ಕೈಯಲ್ಲಿ ಲೆಕ್ಕ ಮಾಡಿ ನೋಡಿ. 80 ಲಕ್ಷ ಡಾಲರ್‌ಗಳನ್ನು ಎದುರಾಳಿ ಪ್ರೈಮರಿಗಾಗಿ ದೇಣಿಗೆಯಲ್ಲಿ ಎತ್ತಬೇಕಾದರೆ 2,900 ಡಾಲರ್ ಪೂರ್ತಿ ಕೊಡುವ 2,759 ಜನ ಬೇಕು. ತಲೆಗೆ 250 ಡಾಲರ್ ಎಂದುಕೊಂಡರೆ 32,000 ಜನ. ಗೆದ್ದವರಿಗೆ ಬಿದ್ದ ಮತಕ್ಕಿಂತ ಹೆಚ್ಚು ದಾನಿಗಳು! ಅದೂ ದೇಶದ ಅತಿ ಬಡ ಕ್ಷೇತ್ರಗಳಲ್ಲಿ ಒಂದಾದ 13ರಲ್ಲಿ. ಅಭ್ಯರ್ಥಿಗಳು ದಿನಕ್ಕೆ ಗಂಟೆಗಟ್ಟಲೆ ಫೋನ್ ಹಿಡಿದು ಕೂರುವುದು ಇದಕ್ಕೇ. ಸ್ವಂತ ಹಣ ಹಾಕುವವರಿಗೆ ಆ ಗಂಟೆಗಳೂ ಉಳಿಯುತ್ತವೆ, ಬೀದಿಗೆ ಇಳಿಯಲು ಸಿಗುತ್ತವೆ.

ಇದನ್ನು ಸರಿದೂಗಿಸಲು ಒಂದು ಕಾನೂನು ಇತ್ತು. ಎದುರಾಳಿ ಸ್ವಂತ ಹಣ ಒಂದು ಮಟ್ಟ ದಾಟಿಸಿದರೆ ಬಡ ಅಭ್ಯರ್ಥಿಯ ದೇಣಿಗೆ ಮಿತಿ ಮೂರು ಪಟ್ಟಾಗುತ್ತಿತ್ತು. 2008ರಲ್ಲಿ ಡೇವಿಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನೂ ಹೊಡೆದುಹಾಕಿತು. ಹೀಗಾಗಿ 13ರಲ್ಲಿ ಥಾಣೇದಾರ್‌ಗೆ ಎದುರು ನಿಲ್ಲಬಲ್ಲ ದುಡ್ಡು ಉಳಿದದ್ದು ಒಂದೇ ಕಡೆ, ಸೂಪರ್ ಪ್ಯಾಕ್‌ಗಳಲ್ಲಿ. 2010ರ ತೀರ್ಪುಗಳ ನಂತರ ಅವು ದೇಶದ ವ್ಯಕ್ತಿಗಳಿಂದ, ಕಂಪನಿಗಳಿಂದ ಎಷ್ಟು ಬೇಕಾದರೂ ಪಡೆದು ಖರ್ಚು ಮಾಡಬಹುದು, ಅಭ್ಯರ್ಥಿಯ ಜೊತೆ ಕೂಡಿ ಯೋಜನೆ ಹಾಕುವಂತಿಲ್ಲ ಅಷ್ಟೆ. ಬಡ ಕ್ಷೇತ್ರದ ಮತದಾರರ ಪಾಲಿಗೆ ಉಳಿದ ಆಯ್ಕೆ ಹೀಗಿತ್ತು: ಒಬ್ಬ ಶ್ರೀಮಂತರ ಸ್ವಂತ ಹಣ ಒಂದು ಕಡೆ, ಕ್ಷೇತ್ರದೊಂದಿಗೆ ನಂಟಿಲ್ಲದ ಸಂಘಟನೆಯ ಹಣ ಇನ್ನೊಂದು ಕಡೆ. ಇದು ಯಾವುದೇ ಅಭ್ಯರ್ಥಿಯ ತಪ್ಪಲ್ಲ. ನಿಯಮದ ಕಟ್ಟಡವೇ ಹಾಗಿದೆ, ಮತ್ತು ಅದು ಸರಿಯಿಲ್ಲ.

40 ಲಕ್ಷ ಹೊರಗಿನ ಹಣ 80 ಲಕ್ಷ ಸ್ವಂತ ಹಣಕ್ಕೆ ಅರ್ಧದಷ್ಟಾದರೂ ಸಮ ಎನಿಸಬಹುದು. ಟಿವಿ ಸಮಯ ಕೊಳ್ಳುವಾಗ ಅಷ್ಟೂ ಆಗುವುದಿಲ್ಲ. ಪ್ರೈಮರಿಗೆ ಮುಂಚಿನ 45 ದಿನ, ನವೆಂಬರ್ ಚುನಾವಣೆಗೆ ಮುಂಚಿನ 60 ದಿನ, ಟಿವಿ ಕೇಂದ್ರಗಳು ಅಭ್ಯರ್ಥಿಗೆ ತಮ್ಮ ಅತಿ ಕಡಿಮೆ ದರದಲ್ಲೇ ಸಮಯ ಮಾರಬೇಕೆಂದು ಕಾನೂನಿದೆ. ಸೂಪರ್ ಪ್ಯಾಕ್‌ಗೆ ಆ ರಿಯಾಯಿತಿ ಇಲ್ಲ. ಕೇಂದ್ರ ಕೇಳಿದ ದರ ಕೊಡಬೇಕು. ಡೆಟ್ರಾಯಿಟ್‌ನಂಥ ದುಬಾರಿ ಟಿವಿ ಮಾರುಕಟ್ಟೆಯಲ್ಲಿ ಅಭ್ಯರ್ಥಿಯ ಖಾತೆಯ ಒಂದು ಡಾಲರ್ ಹೊರಗಿನವರ ಒಂದು ಡಾಲರ್‌ಗಿಂತ ಹೆಚ್ಚು ಸೆಕೆಂಡು ಕೊಳ್ಳುತ್ತದೆ. ಇನ್ನೊಂದು ತೊಂದರೆಯೂ ಇದೆ. 13ಕ್ಕಾಗಿ ಕೊಟ್ಟ ಟಿವಿ ಜಾಹೀರಾತನ್ನು 10, 11, 12ನೇ ಕ್ಷೇತ್ರದವರೂ ನೋಡುತ್ತಾರೆ. ಮತ ಹಾಕಲಾಗದ ಕಣ್ಣುಗಳಿಗೂ ದುಡ್ಡು ಹೋಗುತ್ತದೆ. ಅದಕ್ಕೇ ಅಂಚೆ ಕರಪತ್ರ ಮತ್ತು ರಸ್ತೆಬದಿಯ ಫಲಕಗಳಿಗೆ ಇಲ್ಲಿ ಇನ್ನೂ ಬೆಲೆ.

ದಿನಾಂಕಗಳ ಲೆಕ್ಕ

ಮಿಷಿಗನ್‌ನಲ್ಲಿ ಯಾವ ಕಾರಣವನ್ನೂ ಕೊಡದೆ ಮನೆಯಿಂದಲೇ ಮತ ಹಾಕಬಹುದು. ಗೈರುಹಾಜರಿ ಮತಪತ್ರಗಳು ಚುನಾವಣೆಗೆ 40 ದಿನ ಮುಂಚೆ ಸಿಗಲು ಶುರು. 2022ರ ಪ್ರೈಮರಿಗೆ ಆ ದಿನ ಜೂನ್ 23. ಟಿವಿಯ ಕಡಿಮೆ ದರದ ಕಿಟಕಿ ತೆರೆದದ್ದು ಜೂನ್ 18ಕ್ಕೆ. ಎರಡೂ ಬೆನ್ನಿಗೆ ಬೆನ್ನು. ಅಂದರೆ ಜೂನ್ ಮಧ್ಯದಲ್ಲಿ ಖಾತೆಯಲ್ಲಿ ಹಣ ಇದ್ದವರು ಕಡಿಮೆ ದರದಲ್ಲಿ ಸಮಯ ಕೊಂಡು, ಮತಪತ್ರ ಅಡುಗೆಮನೆಯ ಮೇಜಿನ ಮೇಲೆ ಬಂದು ಬೀಳುವ ವಾರವೇ ಮುಖ ತೋರಿಸುತ್ತಾರೆ. ಜುಲೈ 20ಕ್ಕೆ ಹಣ ಕೂಡಿದವರ ಜಾಹೀರಾತು ನೋಡುವಷ್ಟರಲ್ಲಿ ಎಷ್ಟೋ ಜನರ ಲಕೋಟೆ ಚುನಾವಣೆ ನೋಡಿಕೊಳ್ಳುವ ಕ್ಲರ್ಕ್ ಕಚೇರಿ ತಲುಪಿರುತ್ತದೆ. ದೇಣಿಗೆಯಿಂದ ಓಡುವ ಪ್ರಚಾರದ ಮಾಮೂಲಿ ಕಾಯಿಲೆ ಇದು: ಗೆಲ್ಲುವ ಲಕ್ಷಣ ಕಂಡ ಮೇಲಷ್ಟೇ ದಾನಿಗಳು ಕೈಬಿಚ್ಚುತ್ತಾರೆ, ಲಕ್ಷಣ ಕಾಣಲು ಮೊದಲೇ ದುಡ್ಡು ಬೇಕು. ಸ್ವಂತ ಹಣಕ್ಕೆ ಈ ಕಾಯಿಲೆ ಇಲ್ಲ. 80 ಲಕ್ಷದ ನಿಜವಾದ ಬಲ ಅದರ ಗಾತ್ರದಷ್ಟೇ ಅದು ಬೇಕೆಂದ ದಿನ ಸಿಕ್ಕಿದ್ದರಲ್ಲೂ ಇತ್ತು.

ಲೆಕ್ಕ ಒಪ್ಪಿಸುವ ದಿನಾಂಕಗಳನ್ನೂ ಇದರ ಪಕ್ಕದಲ್ಲೇ ಇಟ್ಟು ನೋಡಬೇಕು. ಫೆಡರಲ್ ಎಲೆಕ್ಷನ್ ಕಮಿಷನ್‌ಗೆ (ಎಫ್‌ಇಸಿ) ತ್ರೈಮಾಸಿಕ ವರದಿ ಏಪ್ರಿಲ್ 15, ಜುಲೈ 15, ಅಕ್ಟೋಬರ್ 15, ಜನವರಿ 31ಕ್ಕೆ. ಪ್ರೈಮರಿಗೆ 12 ದಿನ ಮುಂಚೆ ಇನ್ನೊಂದು ವರದಿ, ಆದರೆ ಅದರ ಲೆಕ್ಕ 20 ದಿನ ಮುಂಚೆಯೇ ನಿಲ್ಲುತ್ತದೆ. ಆಮೇಲೆ ಬರುವ 1,000 ಡಾಲರ್ ಮತ್ತು ಮೇಲ್ಪಟ್ಟ ಮೊತ್ತಕ್ಕೆ, ಅಭ್ಯರ್ಥಿಯ ಸ್ವಂತ ಸಾಲ ಸೇರಿ, 48 ಗಂಟೆಯೊಳಗೆ ಸೂಚನೆ ಕೊಡಬೇಕು. ಸೂಪರ್ ಪ್ಯಾಕ್ ತನ್ನ ಖರ್ಚನ್ನು 24 ಅಥವಾ 48 ಗಂಟೆಯಲ್ಲಿ ಹೇಳಲೇಬೇಕು, ದಾನಿ ಯಾರೆಂಬುದನ್ನು ಮಾತ್ರ ಮುಂದಿನ ವರದಿಯ ದಿನಕ್ಕೆ. ಕೊನೆಯ ಮೂರು ವಾರದಲ್ಲಿ ಹುಟ್ಟಿದ ಸೂಪರ್ ಪ್ಯಾಕ್‌ನ ದಾನಿಗಳ ಹೆಸರು ಮತ ಎಣಿಸಿದ ಮೇಲೆ ಹೊರಬರುವುದು ಈ ಸಂದಿಯಿಂದಲೇ.

ರಾಜ್ಯದ ಬೇರೆ ಕ್ಷೇತ್ರಗಳು ಹೇಳುವುದು

ಸ್ವಂತ ಹಣ ಗೆಲ್ಲಿಸುತ್ತದೆ ಎಂಬ ತೀರ್ಮಾನಕ್ಕೆ ಹಾರುವ ಮುನ್ನ ಫ್ಲಿಂಟ್ ಮತ್ತು ಸ್ಯಾಗಿನಾ ಸುತ್ತಲಿನ 8ನೇ ಕ್ಷೇತ್ರ ನೋಡಬೇಕು. ರಿಪಬ್ಲಿಕನ್ ಪಾಲ್ ಜುಂಗ್ ತಮ್ಮ ಪ್ರಚಾರಕ್ಕೆ ದೊಡ್ಡ ಮೊತ್ತದ ಸ್ವಂತ ಹಣ ಹಾಕಿದರು. 2022ರಲ್ಲಿ ಡ್ಯಾನ್ ಕಿಲ್ಡಿ ಎದುರು ಸೋತರು, 2024ರಲ್ಲಿ ಕಿಲ್ಡಿ ನಿವೃತ್ತರಾದಾಗ ಕ್ರಿಸ್ಟನ್ ಮೆಕ್‌ಡೊನಾಲ್ಡ್ ರಿವೆಟ್ ಎದುರು ಮತ್ತೆ ಸೋತರು. ಅಲ್ಲಿ ಕಣದಲ್ಲಿದ್ದದ್ದು ಎರಡು ಪಕ್ಷ, ಇಬ್ಬರು ಗಟ್ಟಿ ಅಭ್ಯರ್ಥಿಗಳು. ಹೆಸರಿನ ಪರಿಚಯ ಇಬ್ಬರಿಗೂ ಸಿಕ್ಕಿತ್ತು. ಅದರ ಮೇಲೆ ಬಿದ್ದ ಪ್ರತಿ ಡಾಲರ್ ಮೊದಲ ಡಾಲರ್‌ನಷ್ಟು ಕೆಲಸ ಮಾಡುವುದಿಲ್ಲ. ಮತದಾರ ಪಕ್ಷ ನೋಡಿ ಮೊದಲೇ ಮನಸ್ಸು ಮಾಡಿರುವ ಕಡೆ ಜಾಹೀರಾತಿಗೆ ತಿರುಗಿಸಲು ಸಿಗುವವರೇ ಕಡಿಮೆ.

ಲ್ಯಾನ್ಸಿಂಗ್ ಸುತ್ತಲಿನ 7ನೇ ಕ್ಷೇತ್ರವೂ ಇದನ್ನೇ ಹೇಳುತ್ತದೆ. 2022ರಲ್ಲಿ ಎಲಿಸಾ ಸ್ಲಾಟ್ಕಿನ್ ಮತ್ತು ಟಾಮ್ ಬ್ಯಾರೆಟ್ ನಡುವಿನ ಸ್ಪರ್ಧೆ ದೇಶದ ಅತಿ ದುಬಾರಿ ಹೌಸ್ (ಕಾಂಗ್ರೆಸ್‌ನ ಕೆಳಮನೆ) ಸ್ಪರ್ಧೆಗಳಲ್ಲಿ ಒಂದಾಗಿತ್ತು, ಬ್ಯಾರೆಟ್ ಸೋತರು. 2024ರಲ್ಲಿ ಸ್ಲಾಟ್ಕಿನ್ ಸೆನೆಟ್‌ಗೆ ಹೋದಾಗ ಅದೇ ಬ್ಯಾರೆಟ್, ತಮಗಿಂತ ಹೆಚ್ಚು ಹಣ ಎತ್ತಿದ್ದ ಕರ್ಟಿಸ್ ಹರ್ಟಲ್‌ರನ್ನು ಸೋಲಿಸಿದರು.

ಮ್ಯಾಕೋಂಬ್ ಕೌಂಟಿಯ 10ನೇ ಕ್ಷೇತ್ರದಲ್ಲಿ 2022ರದ್ದು ಹಣ ಬರದೇ ಹೋದ ಕಥೆ. ರಿಪಬ್ಲಿಕನ್ ಜಾನ್ ಜೇಮ್ಸ್ ಎರಡು ಬಾರಿ ಸೆನೆಟ್‌ಗೆ ನಿಂತು ಸೋತವರು, ದೇಶದುದ್ದಕ್ಕೂ ದಾನಿಗಳ ಪಟ್ಟಿ ಕೈಯಲ್ಲಿತ್ತು. ಮಾಜಿ ಪ್ರಾಸಿಕ್ಯೂಟರ್ ಮತ್ತು ನ್ಯಾಯಾಧೀಶ ಕಾರ್ಲ್ ಮಾರ್ಲಿಂಗಾ ಅವರ ನಿಧಿ ಅದರ ಮುಂದೆ ಬಹಳ ಚಿಕ್ಕದು. ಇದು ಕೈಗೆ ಸಿಗದ ಸ್ಥಾನ ಎಂದು ಲೆಕ್ಕ ಹಾಕಿ ಡೆಮಾಕ್ರಟರ ರಾಷ್ಟ್ರೀಯ ಸಂಘಟನೆಗಳು ದೂರ ಉಳಿದವು. ಎಣಿಕೆಯಲ್ಲಿ ಮಾರ್ಲಿಂಗಾ ಸೋತದ್ದು ಸುಮಾರು 1,600 ಮತದಿಂದ, ಅರ್ಧ ಶೇಕಡಾ. 13ರಲ್ಲಿ ಸುರಿದ ಹೊರಗಿನ ಹಣದ ಒಂದು ಪಾಲು ರಸ್ತೆ ದಾಟಿ 10ಕ್ಕೆ ಹೋಗಿದ್ದರೆ ಏನಾಗುತ್ತಿತ್ತು ಎಂದು ಯೋಚಿಸದೆ ಇರಲಾಗದು. ಆದರೆ ಹೊರಗಿನ ದುಡ್ಡು ಸಮೀಕ್ಷೆ ನೋಡಿ ಹರಿಯುತ್ತದೆ, ಸಮೀಕ್ಷೆ ತಪ್ಪಿದರೆ ದುಡ್ಡೂ ದಾರಿ ತಪ್ಪುತ್ತದೆ.

ಗ್ರ್ಯಾಂಡ್ ರಾಪಿಡ್ಸ್‌ನ 3ನೇ ಕ್ಷೇತ್ರದಲ್ಲಿ ನಡೆದದ್ದು ಇನ್ನೂ ವಿಚಿತ್ರ. ಟ್ರಂಪ್ ವಿರುದ್ಧ ಮಹಾಭಿಯೋಗಕ್ಕೆ ಮತ ಹಾಕಿದ ಹತ್ತು ರಿಪಬ್ಲಿಕನ್ನರಲ್ಲಿ ಒಬ್ಬರಾದ ಪೀಟರ್ ಮೈಯರ್ 2022ರ ಪ್ರೈಮರಿಯಲ್ಲಿ ಜಾನ್ ಗಿಬ್ಸ್ ಎದುರು ನಿಂತಿದ್ದರು. ಗಿಬ್ಸ್ ಬಳಿ ಹಣ ಇರಲಿಲ್ಲ. ಕೊನೆಯ ದಿನಗಳಲ್ಲಿ ಡೆಮಾಕ್ರಟರ ಕಾಂಗ್ರೆಸ್ ಪ್ರಚಾರ ಸಮಿತಿಯೇ ನಾಲ್ಕು ಲಕ್ಷ ಡಾಲರ್‌ಗೂ ಹೆಚ್ಚು ಖರ್ಚು ಮಾಡಿ, ಗಿಬ್ಸ್ ಟ್ರಂಪ್‌ಗೆ ಎಷ್ಟು ನಿಷ್ಠರೆಂದು ರಿಪಬ್ಲಿಕನ್ ಮತದಾರರಿಗೆ ನೆನಪಿಸುವ ಜಾಹೀರಾತು ಹಾಕಿತು. ಗಿಬ್ಸ್ ಗೆದ್ದರು, ಆದರೆ ನವೆಂಬರ್‌ನಲ್ಲಿ ಡೆಮಾಕ್ರಟ್ ಹಿಲರಿ ಸ್ಕೋಲ್ಟನ್ ಎದುರು ಸುಲಭವಾಗಿ ಸೋತರು. ಲೆಕ್ಕ ಫಲಿಸಿತು. ಆದರೂ ಮನಸ್ಸಾಕ್ಷಿಯಿಂದ ಮತ ಹಾಕಿದವರನ್ನು ಎದುರು ಪಕ್ಷವೇ ಹಣ ಕೊಟ್ಟು ಉರುಳಿಸಿದ್ದು ನಮಗೆ ಒಪ್ಪಿಗೆಯಾಗದ ಸಂಗತಿ.

12ರಲ್ಲಿ ತಲೈಬ್ ಅವರದ್ದು ಬೇರೆಯದೇ ಬಗೆ. 2023ರ ನವೆಂಬರ್‌ನಲ್ಲಿ ಹೌಸ್ ಅವರ ವಿರುದ್ಧ ಖಂಡನಾ ನಿರ್ಣಯ ಅಂಗೀಕರಿಸಿತು. ಆ ವರ್ಷದ ಕೊನೆಯ ಮೂರು ತಿಂಗಳಲ್ಲಿ ಅವರ ನಿಧಿಗೆ ಬಂದದ್ದು 37 ಲಕ್ಷ ಡಾಲರ್. ಡೆಟ್ರಾಯಿಟ್‌ನ ಒಂದೇ ನಗರವನ್ನು ಹಂಚಿಕೊಂಡ ಎರಡು ಕ್ಷೇತ್ರಗಳು, ಒಂದು ದೇಶದೆಲ್ಲೆಡೆಯ ಬೆಂಬಲಿಗರ ದೇಣಿಗೆಯಿಂದ, ಇನ್ನೊಂದು ಅಭ್ಯರ್ಥಿಯ ಸ್ವಂತ ಖಾತೆಯಿಂದ.

2024: ದುಡ್ಡಿಗೂ ಮುಂಚಿನ ಬಾಗಿಲು

ಎರಡು ವರ್ಷದ ನಂತರ ಹೋಲಿಯರ್ ಮತ್ತೆ ಬಂದರು. ಕಣ ಈ ಬಾರಿ ಚಿಕ್ಕದು, ಮತ ಒಡೆಯುವ ಭಯ ಕಡಿಮೆ. 2022ರ ಅಂಕಗಣಿತ ತಿರುಗಿಬೀಳುವ ಎಲ್ಲ ಲಕ್ಷಣ ಇತ್ತು. ಆದರೆ ಅವರ ಹೆಸರು ಮತಪತ್ರಕ್ಕೇ ಬರಲಿಲ್ಲ.

ಭಾರತದಲ್ಲಿ ಲೋಕಸಭೆಗೆ ನಿಲ್ಲಲು 25,000 ರೂಪಾಯಿ ಠೇವಣಿ, ಮಾನ್ಯತೆ ಪಡೆದ ಪಕ್ಷವಾದರೆ ಒಬ್ಬ ಸೂಚಕ, ಪಕ್ಷೇತರರಿಗೆ ಹತ್ತು. ಮಿಷಿಗನ್‌ನಲ್ಲಿ ಎರಡು ದೊಡ್ಡ ಪಕ್ಷದ ಪ್ರೈಮರಿಗೆ ಠೇವಣಿಯಿಲ್ಲ, ಕ್ಷೇತ್ರದ ನೋಂದಾಯಿತ ಮತದಾರರ 1,000 ಸಹಿ ಬೇಕು. 2,000ಕ್ಕಿಂತ ಹೆಚ್ಚು ಸಲ್ಲಿಸುವಂತಿಲ್ಲ. 2024ರಲ್ಲಿ ಕೊನೆಯ ಗಡುವು ಏಪ್ರಿಲ್ 23ರ ಸಂಜೆ 4 ಗಂಟೆ. ಆಮೇಲೆ ಒಂದು ಹಾಳೆಯನ್ನೂ ಸೇರಿಸಲಾಗದು. ಹೋಲಿಯರ್ 1,500ಕ್ಕೂ ಹೆಚ್ಚು ಸಹಿ ಕೊಟ್ಟರು. ಥಾಣೇದಾರ್ ಆಕ್ಷೇಪಣೆ ಸಲ್ಲಿಸಿದರು. ವೇಯ್ನ್ ಕೌಂಟಿಯ ಕ್ಲರ್ಕ್ ಪರಿಶೀಲಿಸಿದಾಗ ಸಿಂಧುವಾಗಿ ಉಳಿದದ್ದು 863. ಕೊರತೆ 137. ರಾಜ್ಯದ ಚುನಾವಣಾ ವಿಭಾಗವೂ ಅದನ್ನೇ ಎತ್ತಿಹಿಡಿಯಿತು. ಆಗಸ್ಟ್ 6ರ ಪ್ರೈಮರಿಯಲ್ಲಿ ಥಾಣೇದಾರ್, ನಗರಸಭೆಯ ಮೇರಿ ವಾಟರ್ಸ್ ಮತ್ತು ಇನ್ನೊಬ್ಬರ ಎದುರು ಅರ್ಧಕ್ಕೂ ಹೆಚ್ಚು ಮತ ಪಡೆದು ಗೆದ್ದರು.

ಇಲ್ಲಿ ಸ್ವಲ್ಪ ನಿಂತು ಲೆಕ್ಕ ನೋಡಬೇಕು. ಕೊಟ್ಟ ಸಹಿಯಲ್ಲಿ ಶೇ 55ರ ಆಸುಪಾಸು ಮಾತ್ರ ಉಳಿದವು. ಅದೇ ಪ್ರಮಾಣದಲ್ಲಿ 2,000 ಸಹಿ ಕೊಟ್ಟಿದ್ದರೂ ಸುಮಾರು 1,100 ಉಳಿಯುತ್ತಿದ್ದವು, ಹೆಸರು ಮತಪತ್ರದಲ್ಲಿರುತ್ತಿತ್ತು. ಗರಿಷ್ಠ ಮಿತಿ ತುಂಬುವವರೆಗೆ ಸಂಗ್ರಹ ನಿಲ್ಲಿಸಬಾರದೆಂಬ ಹಳೆಯ ಕಾರ್ಯಕರ್ತರ ಮಾತಿನ ಹಿಂದೆ ಇರುವುದು ಇದೇ ಗಣಿತ.

ಸಹಿ ಯಾಕೆ ಬೀಳುತ್ತವೆ? ಬೀದಿಯಲ್ಲಿ ನಿಂತು ಕೇಳಿದರೆ ಜನ ಪ್ರೀತಿಯಿಂದಲೇ ಸಹಿ ಹಾಕುತ್ತಾರೆ, ಆದರೆ ಅವರು ಮತದಾರರಾಗಿ ನೋಂದಾಯಿಸಿಕೊಂಡಿರುವುದಿಲ್ಲ. ಮನೆ ಬದಲಿಸಿ ವಿಳಾಸ ತಿದ್ದಿರುವುದಿಲ್ಲ. ದಿನಾಂಕ ಬರೆಯುವುದಿಲ್ಲ. ಒಂದೇ ಹುದ್ದೆಗೆ ಇಬ್ಬರು ಅಭ್ಯರ್ಥಿಗಳ ಹಾಳೆಗೂ ಸಹಿ ಹಾಕಿರುತ್ತಾರೆ. ಸಹಿ ಸಂಗ್ರಹಿಸಿದವರು ಹಾಳೆಯ ಕೆಳಗಿನ ಪ್ರಮಾಣಪತ್ರವನ್ನು ತಪ್ಪು ತುಂಬಿದರೆ ಪೂರ್ತಿ ಹಾಳೆಯೇ ಹೋಗುತ್ತದೆ. 13ರಲ್ಲಿ ಇನ್ನೊಂದು ಬಲೆ: ನಗರ ಎರಡು ಕ್ಷೇತ್ರಕ್ಕೆ ಹಂಚಿಹೋಗಿರುವುದರಿಂದ ‘ನಾನು ಡೆಟ್ರಾಯಿಟ್‌ನವನೇ’ ಎಂದವರು 12ರ ಮತದಾರರಾಗಿರಬಹುದು.

ಇವೆಲ್ಲ ಪ್ರಾಮಾಣಿಕ ತಪ್ಪುಗಳು. ಅಪ್ರಾಮಾಣಿಕವಾದದ್ದು ಬೇರೆ. ಸಹಿಗೆ ಇಷ್ಟೆಂದು ಕೂಲಿ ಕೊಟ್ಟು ಕೆಲಸ ಒಪ್ಪಿಸಿದಾಗ ಕೆಲವರು ಬೀದಿಗೇ ಇಳಿಯುವುದಿಲ್ಲ. ಮತದಾರರ ಪಟ್ಟಿ ಹಿಡಿದು ಮೇಜಿನ ಸುತ್ತ ಕೂತು, ಹಾಳೆಗಳನ್ನು ಒಬ್ಬರಿಂದ ಒಬ್ಬರಿಗೆ ದಾಟಿಸಿ ಸಹಿ ಬರೆಯುತ್ತಾರೆ. 2022ರಲ್ಲಿ ಗವರ್ನರ್ ಸ್ಥಾನಕ್ಕೆ ನಿಂತ ಐವರು ರಿಪಬ್ಲಿಕನ್ನರು ಹೀಗೇ ಕಣದಿಂದ ಹೊರಬಿದ್ದರು. 36 ಸಂಗ್ರಾಹಕರು ಸಲ್ಲಿಸಿದ್ದ ಕನಿಷ್ಠ 68,000 ಸಹಿ ಅಸಿಂಧುವೆಂದು ರಾಜ್ಯದ ಸಿಬ್ಬಂದಿ ಪತ್ತೆ ಹಚ್ಚಿದರು. ಹಾಳೆ ಕೈಗೆತ್ತಿಕೊಂಡರೇ ಗೊತ್ತಾಗುತ್ತದೆ. ಬೀದಿಯಲ್ಲಿ ತಿರುಗಿದ ಹಾಳೆ ಮಡಚಿರುತ್ತದೆ, ಮಳೆಹನಿ ಬಿದ್ದಿರುತ್ತದೆ, ಗೆರೆ ದಾಟಿ ಬರೆದು ಹೊಡೆದುಹಾಕಿದ ತಪ್ಪುಗಳಿರುತ್ತವೆ, ಒಂದೊಂದು ಸಾಲಿಗೆ ಒಂದೊಂದು ಕೈಬರಹ. ಮೇಜಿನ ಮೇಲೆ ತಯಾರಾದದ್ದು ಹೊಸದರಂತೆ ನುಣುಪು, ಸಾಲು ಸಾಲಿಗೂ ಅದೇ ‘ಎಸ್‌’, ಅದೇ ‘ಆರ್‌’. ಹೋಲಿಯರ್ ಪ್ರಚಾರಕ್ಕೆ ಸಹಿ ತಂದ ಸಂಗ್ರಾಹಕರ ಮೇಲೂ ರಾಜ್ಯದ ಅಟಾರ್ನಿ ಜನರಲ್ ನಕಲಿ ಸಹಿಯ ಆರೋಪ ಹೊರಿಸಿದರು.

ಮಿಷಿಗನ್‌ಗೆ ಇದು ಹೊಸದೂ ಅಲ್ಲ. 2012ರಲ್ಲಿ 11ನೇ ಕ್ಷೇತ್ರದ ಹಾಲಿ ಸದಸ್ಯ ಥ್ಯಾಡಿಯಸ್ ಮೆಕಾಟರ್ ಕೊಟ್ಟ 1,830 ಸಹಿಗಳಲ್ಲಿ 244 ಮಾತ್ರ ಉಳಿದವು, ಹಳೆಯ ಹಾಳೆಗಳ ಜೆರಾಕ್ಸ್ ಸೇರಿತ್ತು; ಅವರು ಸದಸ್ಯತ್ವಕ್ಕೇ ರಾಜೀನಾಮೆ ಕೊಡಬೇಕಾಯಿತು. 2014ರಲ್ಲಿ ಇದೇ 13ರಲ್ಲಿ ಹಿರಿಯ ಸದಸ್ಯ ಜಾನ್ ಕಾನ್ಯರ್ಸ್ ಸಹಿ ಸಂಗ್ರಾಹಕರ ನೋಂದಣಿ ತೊಡಕಿನಿಂದ ಹೊರಬಿದ್ದು, ಫೆಡರಲ್ ನ್ಯಾಯಾಲಯದ ಆದೇಶದಿಂದ ಮತಪತ್ರಕ್ಕೆ ಮರಳಿದರು. ಇಷ್ಟೆಲ್ಲ ಕಂಡ ರಾಜ್ಯದಲ್ಲಿ 2024ರ ಪ್ರಚಾರವೊಂದು ಪ್ರತಿ ಹಾಳೆಯನ್ನು ಸಲ್ಲಿಸುವ ಮುನ್ನ ಮತದಾರರ ಪಟ್ಟಿಗೆ ಹೋಲಿಸಿ, ಅನುಮಾನದ ಸಾಲುಗಳನ್ನು ತಾವೇ ಹೊಡೆದುಹಾಕಿ, ಲೆಕ್ಕ ಮಾಡಿಕೊಳ್ಳದೆ ಹೋದದ್ದೇ ನಮ್ಮ ಪ್ರಕಾರ ಪ್ರಕರಣದ ಅತಿ ದುಬಾರಿ ತಪ್ಪು. ಇಬ್ಬರು ಸ್ವಯಂಸೇವಕರು ಒಂದು ವಾರ ಕೂತು ಮಾಡಬಹುದಾದ ಕೆಲಸ.

ವರದಿ ಓದುವುದು ಹೇಗೆ

ಅಭ್ಯರ್ಥಿಗಳ ಫಾರಂ 3 ವರದಿ ಎಫ್‌ಇಸಿ ಜಾಲತಾಣದಲ್ಲಿ ಯಾರಿಗಾದರೂ ಉಚಿತ. ಪತ್ರಿಕೆಗಳು ‘ಇಷ್ಟು ಲಕ್ಷ ಎತ್ತಿದರು’ ಎಂದು ಬರೆಯುವುದು ಸಾಲು 16ರ ಒಟ್ಟು ಸ್ವೀಕೃತಿ ನೋಡಿ. ಅದು ಮೋಸಗೊಳಿಸುವ ಸಾಲು, ಏಕೆಂದರೆ ಸಾಲವೂ ಅದರೊಳಗಿದೆ. ನೇರ 11(ಎ)ಗೆ ಹೋಗಿ: ಅಲ್ಲಿ ವ್ಯಕ್ತಿಗಳ ದೇಣಿಗೆ ಎರಡು ಭಾಗವಾಗಿರುತ್ತದೆ, ಹೆಸರು ಹೇಳಿದ್ದು ಮತ್ತು ಹೇಳದಿದ್ದು. ಒಟ್ಟು 200 ಡಾಲರ್ ದಾಟದವರ ಹೆಸರು ಕೊಡಬೇಕಿಲ್ಲ, ಹಾಗಾಗಿ ಎರಡನೇ ಭಾಗವೇ ಸಾಮಾನ್ಯ ಜನರ ಬೆಂಬಲದ ಅಳತೆ. 11(ಡಿ) ಅಭ್ಯರ್ಥಿ ಮರಳಿ ಬಯಸದೆ ಕೊಟ್ಟದ್ದು, 13(ಎ) ಅಭ್ಯರ್ಥಿ ಕೊಟ್ಟ ಸಾಲ. ಸಾಲು 8 ಕೈಯಲ್ಲಿರುವ ನಗದು, ಸಾಲು 10 ಸಮಿತಿಯ ಮೇಲಿನ ಸಾಲ. 8ರಿಂದ 10 ಕಳೆದ ಮೇಲೆ ಉಳಿಯುವುದೇ ನಿಜವಾದ ಬಲ, ಕೆಲವೊಮ್ಮೆ ಅದು ಸೊನ್ನೆಗಿಂತ ಕೆಳಗೂ ಇರುತ್ತದೆ.

ಸಾಲು 19(ಎ)ಯನ್ನು ವರ್ಷಗಟ್ಟಲೆ ಗಮನಿಸಬೇಕು: ಅಭ್ಯರ್ಥಿಯ ಸಾಲದ ಮರುಪಾವತಿ. ಗೆದ್ದ ಮೇಲೆ ಬಂದ ದೇಣಿಗೆಯಿಂದ ಅಭ್ಯರ್ಥಿಗೆ ಮರಳಿಸಬಹುದಾದದ್ದಕ್ಕೆ 2,50,000 ಡಾಲರ್‌ಗಳ ಮಿತಿ ಇತ್ತು. 2022ರ ಮೇ 16ರಂದು, 13ರ ಪ್ರೈಮರಿಗೆ ಎರಡೂವರೆ ತಿಂಗಳ ಮುಂಚೆ, ಟೆಡ್ ಕ್ರೂಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನೂ ತೆಗೆಯಿತು. ಈಗ ಲಕ್ಷಗಟ್ಟಲೆ ಸಾಲ ಕೊಟ್ಟು ಗೆದ್ದ ಯಾರೇ ಆಗಲಿ, ಸದಸ್ಯರಾದ ಮೇಲೆ ಬರುವ ದೇಣಿಗೆಯನ್ನು ತಮ್ಮದೇ ಜೇಬಿಗೆ ಮರಳಿಸಿಕೊಳ್ಳಬಹುದು. ಪ್ರಚಾರಕ್ಕೆ ಕೊಟ್ಟ ದೇಣಿಗೆ ಒಂದು ಮಾತು, ಗೆದ್ದವರ ಸ್ವಂತ ಖಾತೆ ತುಂಬುವ ದೇಣಿಗೆ ಇನ್ನೊಂದು.

ದೇಣಿಗೆ ಕೊಡುವ ಕನ್ನಡಿಗರಿಗೆ

ಡೆಟ್ರಾಯಿಟ್‌ನ ಉಪನಗರಗಳಾದ ಟ್ರಾಯ್, ನೋವೈ, ಕ್ಯಾಂಟನ್ ಕಡೆಯ ಮನೆಗಳಿಗೂ ಅಭ್ಯರ್ಥಿಗಳ ಕರೆ ಬರುತ್ತದೆ. ಅಮೆರಿಕದ ಪ್ರಜೆಗಳು, ಗ್ರೀನ್ ಕಾರ್ಡ್ ಇದ್ದವರು ದೇಣಿಗೆ ಕೊಡಬಹುದು, ಕ್ಷೇತ್ರದಲ್ಲೇ ವಾಸವಿರಬೇಕೆಂದಿಲ್ಲ. ಎಚ್‌-1ಬಿ, ಎಚ್‌-4, ಎಫ್‌-1 ವೀಸಾದವರು ಒಂದು ಡಾಲರ್ ಕೂಡ ಕೊಡುವಂತಿಲ್ಲ. ಸಂಬಳ ಪಡೆಯದೆ ಕೆಲಸಕ್ಕೆ ಕೈಜೋಡಿಸಬಹುದು. ತೆರಿಗೆ ವಿನಾಯಿತಿಯ ಧರ್ಮಾರ್ಥ ಸಂಸ್ಥೆಯಾಗಿ ನೋಂದಾಯಿಸಿದ ಕನ್ನಡ ಕೂಟ ಯಾರ ಪರವಾಗಿಯೂ ಪ್ರಚಾರ ಮಾಡುವಂತಿಲ್ಲ, ಯುಗಾದಿ ವೇದಿಕೆಯಿಂದ ಒಬ್ಬರಿಗೇ ಮತ ಕೇಳಿದರೂ ವಿನಾಯಿತಿಗೆ ಕುತ್ತು.

ಇನ್ನೊಬ್ಬರ ಹೆಸರಲ್ಲಿ ಕೊಡುವುದು ಅಪರಾಧ. ಮಿತಿ ಮುಗಿದವರು ತಮ್ಮ ನೌಕರ ಅಥವಾ ಸ್ನೇಹಿತನ ಕೈಯಿಂದ ಚೆಕ್ ಬರೆಸಿ ಆಮೇಲೆ ಆ ಹಣ ತುಂಬಿಕೊಟ್ಟರೆ ಜೈಲಿನವರೆಗೂ ಹೋಗಬಹುದು. ಭಾರತ ಮೂಲದ ದಿನೇಶ್ ಡಿಸೋಜಾ 2012ರ ನ್ಯೂಯಾರ್ಕ್ ಸೆನೆಟ್ ಸ್ಪರ್ಧೆಗೆ 20,000 ಡಾಲರ್ ಹೀಗೆ ಕೊಟ್ಟು 2014ರಲ್ಲಿ ತಪ್ಪೊಪ್ಪಿಕೊಂಡರು. 2018ರಲ್ಲಿ ಅಧ್ಯಕ್ಷರ ಕ್ಷಮೆ ಸಿಕ್ಕಿತು.

ಮನೆಯಲ್ಲಿ ಅಭ್ಯರ್ಥಿಯನ್ನು ಕರೆದು ಊಟ ಹಾಕಿ ನೆರೆಹೊರೆಯವರಿಗೆ ಪರಿಚಯಿಸುವುದಕ್ಕೆ ಅವಕಾಶ ಇದೆ. ಬಿಸಿಬೇಳೆಬಾತ್, ಕಾಫಿ, ಆಮಂತ್ರಣ ಪತ್ರದ ಖರ್ಚು ತಲೆಗೆ 1,000 ಡಾಲರ್‌ವರೆಗೆ ದೇಣಿಗೆಯ ಲೆಕ್ಕಕ್ಕೆ ಬರುವುದಿಲ್ಲ, ಗಂಡ ಹೆಂಡತಿ ಇಬ್ಬರೂ ಕರೆದರೆ 2,000. ಅಲ್ಲಿ ಕೊಡುವ ಚೆಕ್ಕಿಗೆ ಮಾತ್ರ ಎಲ್ಲ ನಿಯಮವೂ ಅನ್ವಯ. ಜಂಟಿ ಖಾತೆಯ 7,000 ಡಾಲರ್ ಚೆಕ್ಕಿಗೆ ಗಂಡ ಒಬ್ಬರೇ ಸಹಿ ಹಾಕಿದರೆ ಅದು ಅವರೊಬ್ಬರ ದೇಣಿಗೆ. ಪ್ರೈಮರಿಯ 3,500 ದಾಟಿದ ಭಾಗವನ್ನು ನವೆಂಬರ್ ಖಾತೆಗೆ ಅಥವಾ ಹೆಂಡತಿಯ ಹೆಸರಿಗೆ ವರ್ಗಾಯಿಸಲು, ಇಲ್ಲವೇ ಮರಳಿಸಲು ಖಜಾಂಚಿಗೆ 60 ದಿನ ಇದೆ. ಎರಡು ಸಹಿ, ಎರಡು ಹೆಸರಿನ ಮುಂದೆ ಎಷ್ಟೆಷ್ಟೆಂದು ಒಂದು ಸಾಲಿನ ಚೀಟಿ, ಉದ್ಯೋಗ ಮತ್ತು ಕೆಲಸ ಮಾಡುವ ಕಂಪನಿಯ ಹೆಸರು ಅಂದೇ ಬರೆದುಕೊಟ್ಟರೆ ಆ ಪತ್ರವ್ಯವಹಾರವೇ ಬೇಕಾಗುವುದಿಲ್ಲ.